ಖಾಲಿ ಕುರ್ಚಿ ಹೇಳಿದ ಕಥೆ

ನನ್ನ ಎರಡನೇ ಕಿರುಚಿತ್ರ ತೆಗೆದದ್ದು ಚಾಮರಾಜಪೇಟೆಯ ಒಂದು ವಠಾರದಲ್ಲಿ. ಅಜ್ಜಿ ಅಡುಗೆಮನೆಯಲ್ಲಿ ಕೂತು ಕಾಫಿ ಕುಡಿಯುತ್ತಾರೆ, ದೃಶ್ಯ ಅಷ್ಟೇ. ಟ್ರೈಪಾಡ್ ಒಳಗೇ ಇಟ್ಟು, ಅವರನ್ನು ನಟ್ಟನಡುವೆ ಕೂರಿಸಿ ತೆಗೆದೆ. ಗೆಳೆಯರಿಗೆ ತೋರಿಸಿದರೆ, "ಕಾಫಿ ಕುಡೀತಿದ್ದಾರೆ, ಸರಿ, ಆಮೇಲೆ?" ಅಂದರು.

ಮರುದಿನ ಕ್ಯಾಮೆರಾ ಹಾಲಿಗೆ ಬಂತು. ಬಾಗಿಲ ಚೌಕಟ್ಟಿನೊಳಗೆ ಅಜ್ಜಿ ಪುಟ್ಟದಾಗಿ ಕಾಣುತ್ತಾರೆ. ಎಡಗಡೆ, ಕ್ಯಾಮೆರಾ ಹತ್ತಿರ, ಒಂದು ಖಾಲಿ ಕುರ್ಚಿ. ಅದೇ ಅಜ್ಜಿ, ಅದೇ ಲೋಟ. ಈ ಸಲ ಕೇಳಿದ್ದು, "ತಾತ ಹೋಗಿಬಿಟ್ಟರಾ?" ನನ್ನ ಸ್ಕ್ರಿಪ್ಟಲ್ಲಿ ತಾತನೇ ಇರಲಿಲ್ಲ!

ಸುಮಾರು 100 ವರ್ಷದ ಹಿಂದೆ ರಷ್ಯಾದ ಸಿನಿಮಾ ನಿರ್ದೇಶಕ ಲೆವ್ ಕುಲೆಶೋವ್ ಒಂದೇ ಮುಖದ ಪಕ್ಕ ಬೇರೆ ಬೇರೆ ಶಾಟ್ ಜೋಡಿಸಿ, ನೋಡುವವರು ಆ ಮುಖದಲ್ಲಿ ಬೇರೆ ಬೇರೆ ಭಾವ ಕಾಣುತ್ತಾರೆ ಅಂತ ತೋರಿಸಿದ್ದರು. ಅದು ಎಡಿಟಿಂಗ್ ಪಾಠ. ಒಂದೇ ಫ್ರೇಮಿನೊಳಗೂ ಅದೇ ಆಟ ನಡೆಯುತ್ತದೆ.

ಹಾಗಾಗಿ ಕ್ಯಾಮೆರಾ ಇಡುವ ಮೊದಲು ಮೊಬೈಲ್ ಹಿಡಿದು ಮನೆಯೆಲ್ಲ ಸುತ್ತಿ. ಬಾಗಿಲಲ್ಲಿ ನಿಂತು, ಕಿಟಕಿಯಾಚೆಯಿಂದ, ನೆಲದ ಮೇಲೆ ಕೂತು ನೋಡಿ. ಈ ಶಾಟ್ ನೋಡಿದವರ ಮನಸ್ಸಲ್ಲಿ ಯಾವ ಪ್ರಶ್ನೆ ಏಳಬೇಕು ಅಂತ ಒಂದು ಸಾಲು ಬರೆದುಕೊಳ್ಳಿ.

ಪಾತ್ರ ನೋಡುವ ಕಡೆ ಸಾಮಾನ್ಯವಾಗಿ ಜಾಗ ಬಿಡುತ್ತೇವೆ, ಅಲ್ವಾ? ಆ ಜಾಗ ಮುಚ್ಚಿ, ಮೂಗು ಫ್ರೇಮಿನ ಅಂಚಿಗೆ ತಾಗುವಂತೆ ಇಟ್ಟರೆ ಉಸಿರು ಕಟ್ಟಿದ ಹಾಗಾಗುತ್ತದೆ. ಮನೆ ಓನರ್ ಬಾಡಿಗೆ ಕೇಳಿ ಫೋನ್ ಮಾಡುವ ದೃಶ್ಯಕ್ಕೆ ಅದೇ ಸರಿ. ಲೋ ಆಂಗಲ್, ಅಂದರೆ ಕ್ಯಾಮೆರಾ ಕೆಳಗಿಟ್ಟು ಮೇಲಕ್ಕೆ ನೋಡುವ ಶಾಟ್, ಮಾತ್ರ ಸುಮ್ನೆ ಬಳಸಬೇಡಿ. ಹಾಲು ತರಲು ಹೊರಟವನೂ ಹೀರೋ ಎಂಟ್ರಿ ಕೊಟ್ಟಂತೆ ಕಾಣುತ್ತಾನೆ.

ಚಿಕ್ಕ ರೂಮಲ್ಲಿ ಮುಖದ ಹತ್ತಿರ ಹೋದಷ್ಟೂ ಮೂಗು ದೊಡ್ಡದಾಗುತ್ತದೆ. ಎರಡು ಹೆಜ್ಜೆ ಹಿಂದೆ ಬಂದು ಝೂಮ್ ಮಾಡಿ. ಹಿಂದೆ 20 ಲೀಟರಿನ ನೀಲಿ ನೀರಿನ ಕ್ಯಾನ್ ಇದ್ದರೆ ಎತ್ತಿಡಿ. ಅಜ್ಜಿ ಅಳುತ್ತಿದ್ದರೂ ಕಣ್ಣು ಅದರ ಮೇಲೇ ಹೋಗುತ್ತದೆ.

ಅಡ್ಡ ಫ್ರೇಮ್ (16:9) ಅಥವಾ ಉದ್ದ ಫ್ರೇಮ್ (9:16), ಮೊದಲೇ ತೀರ್ಮಾನಿಸಿ. ರೀಲ್ಸ್‌ಗೆ ಅಂತ ಆಮೇಲೆ ಅಕ್ಕಪಕ್ಕ ಕತ್ತರಿಸಿದರೆ ನನ್ನ ಕುರ್ಚಿಯೇ ಮಾಯ.

ಅಂದಹಾಗೆ, ನನ್ನ ಸ್ಕ್ರಿಪ್ಟಿನ ಅಜ್ಜಿ ಕಾಯುತ್ತಿದ್ದದ್ದು ಮಗನಿಗೆ. ಮೂರನೇ ದಿನ ಕುರ್ಚಿ ತೆಗೆದು ಅಲ್ಲೊಂದು ಸ್ಟೂಲ್ ಹಾಕಿ, ಅದರ ಮೇಲೆ ತಟ್ಟೆ ಮುಚ್ಚಿದ ಇನ್ನೊಂದು ಕಾಫಿ ಲೋಟ ಇಟ್ಟೆ. ತಾತನ ಸುದ್ದಿ ಯಾರೂ ಎತ್ತಲಿಲ್ಲ. "ಯಾರು ಬರಬೇಕಿತ್ತು?" ಅಂದರು.