ಕೇಜನ್ ಅಕಾರ್ಡಿಯನ್ನಿಗೆ ಗಾಂಧಾರ ಟ್ಯೂನಿಂಗ್: ನನ್ನ ಅನುಭವ

ಅಮೆರಿಕದ ಲೂಸಿಯಾನಾದಲ್ಲಿ ಫ್ರೆಂಚ್ ಮೂಲದ ಕೇಜನ್ ಜನ ನುಡಿಸುವ ಹತ್ತು ಗುಂಡಿಯ ಅಕಾರ್ಡಿಯನ್ನನ್ನು ತಂಬೂರಿ ಹಚ್ಚಿಟ್ಟುಕೊಂಡು ಶ್ರುತಿ ಮಾಡಬಹುದು. ಸೆಂಟ್ (ಅರ್ಧ ಸ್ವರದ ನೂರನೇ ಒಂದು ಪಾಲು) ಲೆಕ್ಕದ ಪಟ್ಟಿ ಬೇಡ. ಹಾರ್ಮೋನಿಯಂ ಕೂಡಿಸಿ ಪಳಗಿದ ಕಿವಿ ಸಾಕು. ಹೀಗಂದಾಗ ಇಲ್ಲಿ ಲಫಾಯೆಟ್‌ನಲ್ಲಿ ನಕ್ಕವರು ಒಂದಷ್ಟು ಜನ, ಅಲ್ಲಿ ಧಾರವಾಡದಲ್ಲಿ ನಕ್ಕವರು ಇನ್ನೊಂದಷ್ಟು ಜನ. ಈಗ ನನ್ನ ಮೇಜಿನಿಂದ ಎದ್ದು ಹೋದ ಏಳೆಂಟು ಪೆಟ್ಟಿಗೆಗಳು ಈ ಸೀಮೆಯಲ್ಲಿ ಶನಿವಾರ ಶನಿವಾರ ನುಡಿಯುತ್ತಿವೆ. ಅದಕ್ಕೇ ಬರೆಯುವ ಧೈರ್ಯ ಬಂತು.

ರೀಡು, ಅಂದರೆ ಗಾಳಿಗೆ ನಡುಗಿ ಸ್ವರ ಕೊಡುವ ಲೋಹದ ನಾಲಿಗೆ, ಕೆರೆಯುವುದು ಹೇಗೆ ಅಂತ ನಿಮಗೆ ಹೇಳಿಕೊಡಲ್ಲ. ತುದಿ ಕೆರೆದರೆ ಏರುತ್ತದೆ, ಬುಡ ಕೆರೆದರೆ ಇಳಿಯುತ್ತದೆ, ಇಲ್ಲೂ ಅದೇ. ಪೆಟ್ಟಿಗೆ ಮಾತ್ರ ಬೇರೆ. ಬಲಗೈಗೆ ಹತ್ತು ಗುಂಡಿ, ಎಡಗೈಗೆ ಎರಡು. ಮೇಲೆ ನಾಲ್ಕು ಸ್ಟಾಪರ್, ಅಂದರೆ ನಾಲ್ಕು ಸಾಲು ರೀಡು: ಒಂದು ಖರ್ಜ (ಕೆಳಗಿನ ಸಪ್ತಕ), ಎರಡು ನಡುವಿನವು, ಒಂದು ತಾರ (ಮೇಲಿನ ಸಪ್ತಕ). ತಿದಿ ಒತ್ತಿದರೆ ಒಂದು ಸ್ವರ, ಎಳೆದರೆ ಇನ್ನೊಂದು. ಬಲಗೈ ಕಡೆಯೇ 80 ನಾಲಿಗೆ. ಜಾಸ್ತಿ ಪೆಟ್ಟಿಗೆಗಳು ಬಿಳಿ ಒಂದಕ್ಕೆ (C) ಇರುತ್ತವೆ, ಕೆಲವು ಬಿಳಿ ಎರಡಕ್ಕೆ (D). ಬಿಳಿ ಒಂದರದ್ದನ್ನು ಒತ್ತಿದರೆ ಸ, ಗ, ಪ ಅಷ್ಟೇ. ಎಳೆದರೆ ರಿ, ಮ, ಧ, ನಿ, ಜೊತೆಗೆ ಕೆಳಗೆ ಒಂದು ಪ. ಮೌತ್ ಆರ್ಗನ್ ನುಡಿಸಿದವರಿಗೆ ಇದು ಹೊಸದಲ್ಲ.

ಸ್ಟಾಪರ್ ನಾಲ್ಕನ್ನೂ ಎಳೆದಿಟ್ಟೇ ನುಡಿಸುವುದು ಇಲ್ಲಿನ ರೂಢಿ. ಒಂದು ಗುಂಡಿಗೆ ನಾಲ್ಕು ನಾಲಿಗೆ ಒಟ್ಟಿಗೆ ಕೂಗುತ್ತವೆ. ಕೂದಲೆಳೆಯಷ್ಟು ತಪ್ಪಿದರೂ ಸ್ವರ ಅಲೆಯುತ್ತದೆ. ಪ್ಯಾರಿಸ್ ಕಡೆಯ ಅಕಾರ್ಡಿಯನ್ನಿನ ಹಾಗೆ ಅಲೆಯುವುದು ಕೇಜನ್ ಜನಕ್ಕೆ ಹಿಡಿಸದು. ಇವರಿಗೆ ಒಣ ಸ್ವರ ಬೇಕು.

ನಾನು ಮೊದಲು ಕೊಂಡಿದ್ದು ಚೀನಾದ ಅಗ್ಗದ ಪೆಟ್ಟಿಗೆ, ಇನ್ನೂರೈವತ್ತು ಡಾಲರ್ ಆಸುಪಾಸು. ಅದು ಪಿಯಾನೋದ ಸಮಶ್ರುತಿಯಲ್ಲಿತ್ತು, ಅಂದರೆ ಸಪ್ತಕವನ್ನು ಹನ್ನೆರಡು ಸಮ ಪಾಲು ಮಾಡಿದ ಶ್ರುತಿ. ಯೂನಿಸ್‌ನಲ್ಲಿ ಮಾರ್ಕ್ ಸವೋಯ್ 1966ರಲ್ಲಿ ತೆರೆದ ವಾದ್ಯದ ಅಂಗಡಿ ಇದೆ. ಶನಿವಾರ ಬೆಳಿಗ್ಗೆ ಅಲ್ಲಿ ಜನ ಸೇರಿ ನುಡಿಸುತ್ತಾರೆ, ಬೂದಾನ್ ಅನ್ನೋ ಅನ್ನ ತುಂಬಿದ ಮಾಂಸದ ಕಡುಬು ತರುತ್ತಾರೆ. (ನಾನು ಕಾಫಿಗೆ ಸೀಮಿತ.) ಅಲ್ಲಿ ಕಿವಿಗೊಟ್ಟು ಕೂತರೆ ನಮ್ಮವರಿಗೆ ತಕ್ಷಣ ಗೊತ್ತಾಗುತ್ತದೆ: ಗಾಂಧಾರ ಇಳಿದಿದೆ. ತಂಬೂರಿಯ ಷಡ್ಜದ ತಂತಿಯಲ್ಲಿ ತಾನಾಗಿ ಕೇಳುತ್ತದಲ್ಲ, ಆ ಗಾಂಧಾರ. ಸಮಶ್ರುತಿಯದಕ್ಕಿಂತ ಸುಮಾರು 14 ಸೆಂಟ್ ಕೆಳಗೆ. ನಮ್ಮ ಹಾರ್ಮೋನಿಯಂನವರು ಗಾಂಧಾರ ಟ್ಯೂನಿಂಗ್ ಅಂತ ಹೆಚ್ಚಿಗೆ ದುಡ್ಡು ಇಸಕೊಂಡು ಮಾಡಿಕೊಡುವುದನ್ನು ಇವರು ಮಾಮೂಲಿ ಅಂದುಕೊಂಡಿದ್ದಾರೆ.

ಇದಕ್ಕೆ ಇಲ್ಲಿ ಚಾರ್ಟುಗಳಿವೆ. ಒಬ್ಬೊಬ್ಬ ತಯಾರಕನದು ಒಂದೊಂದು. ಒಬ್ಬ 10 ಸೆಂಟ್ ಇಳಿಸು ಅಂತಾನೆ, ಇನ್ನೊಬ್ಬ 14. ಮಧ್ಯಮಕ್ಕೆ ಬಂದರೆ ಯಾರದೂ ಯಾರಿಗೂ ಹೊಂದಲ್ಲ. ನನಗೆ ಪರಿಚಯವಾದ ಹಿರಿಯರೊಬ್ಬರು ಚಾರ್ಟ್ ಕೊಟ್ಟು, "ಕಿವಿ ನಂಬಬೇಡ, ಮಷೀನ್ ನಂಬು" ಅಂದರು. ಧಾರವಾಡದ ಗೆಳೆಯ ವಾಟ್ಸಾಪ್‌ನಲ್ಲಿ, "ನಿನ್ನ ಕೈ ಹಿತ್ತಾಳಿ ರೀಡಿನ ಕೈ. ಸ್ಟೀಲಿಗೆ ಹಚ್ಚಬ್ಯಾಡೋ ಮಾರಾಯಾ" ಅಂದ.

ಸ್ಟೀಲಿನ ವಿಷಯದಲ್ಲಿ ಅವನದು ಅರ್ಧ ನಿಜ. ಹಿತ್ತಾಳೆ ನಾಲಿಗೆ ಕ್ಷಮಿಸುತ್ತದೆ, ಸ್ಟೀಲು ಕ್ಷಮಿಸಲ್ಲ. ಅಡ್ಡಡ್ಡ ಗೆರೆ ಬಿತ್ತೋ, ನಾಲ್ಕು ದಿನ ನುಡಿಸುವಷ್ಟರಲ್ಲಿ ಅಲ್ಲೇ ಮುರಿಯುತ್ತದೆ. ಉದ್ದುದ್ದಕ್ಕೇ ಕೆರೆಯಬೇಕು. ಅಗ್ಗದ ಪೆಟ್ಟಿಗೆಯ ನಾಲಿಗೆಗಳು ಹೀಗೇ ಒಂದೊಂದಾಗಿ ಹೋದವು. ಇಟಲಿಯ ಕಾಸ್ತೆಲ್‌ಫಿದಾರ್ದೊದಿಂದ ಬಿಡಿ ರೀಡು ತರಿಸಿದೆ. ಅಂಚೆ ಖರ್ಚು ಸೇರಿ ಇನ್ನೊಂದು ಇನ್ನೂರು ಡಾಲರ್. ಎರಡನೇ ತೊಂದರೆ ಸ್ಟೀಲಿನ ಪುಡಿ. ಕೆರೆಯುವ ಕಡ್ಡಿಗೆ ಒಂಚೂರು ಅಯಸ್ಕಾಂತದ ಗುಣ ಇದ್ದರೂ ಸಾಕು, ಪುಡಿ ನಾಲಿಗೆಯ ಸಂದಿಗೆ ಹೋಗಿ ಕೂರುತ್ತದೆ, ಸ್ವರ ಗುರ್ ಅನ್ನುತ್ತದೆ. ನಾಲಿಗೆಯ ಅಡಿಗೆ ತೆಳು ಹಿತ್ತಾಳೆ ತಗಡು ತೂರಿಸಿ, ಅದರ ಮೇಲೆ ಒರಗಿಸಿ ಕೆರೆದು, ತಗಡು ಎಳೆಯುವಾಗ ಪುಡಿಯನ್ನೂ ಒರೆಸಿಕೊಂಡು ಬರಬೇಕು. ಮೂರನೆಯದು ತುಕ್ಕು. ಇಲ್ಲಿನ ಗಾಳಿ ಮಂಗಳೂರಿನ ಗಾಳಿಗಿಂತ ಕಡಿಮೆಯಿಲ್ಲ. ಕೆರೆದ ಜಾಗ ಬರಿ ಸ್ಟೀಲು, ತಿಂಗಳೊಳಗೆ ಕಂದು ಬಣ್ಣ, ಶ್ರುತಿ ಮತ್ತೆ ಅಲುಗುತ್ತದೆ. ಅದಕ್ಕೆ ಒಂದು ಎಣ್ಣೆ ಹಚ್ಚುತ್ತೇನೆ. ಯಾವುದು ಅಂತ ಕೇಳಬೇಡಿ.

ಮೇಣದ್ದು ಇನ್ನೊಂದು ಕತೆ. ರೀಡಿನ ತಗಡನ್ನು ಮೊಳೆ ಹೊಡೆದು ಕೂರಿಸಿಲ್ಲ ಇಲ್ಲಿ, ಜೇನುಮೇಣದಲ್ಲಿ ಅಂಟಿಸಿರುತ್ತಾರೆ. ಬರೀ ಮೇಣ ಹಾಕಿದರೆ ಆಗಸ್ಟ್ ತಿಂಗಳಲ್ಲಿ ಕಾರಿನೊಳಗೆ ಕರಗಿ, ತಗಡುಗಳು ಜಾರಿ ತಿದಿಯೊಳಗೆ ಬಿದ್ದಿರುತ್ತವೆ. ಪೆಟ್ಟಿಗೆ ಅಲ್ಲಾಡಿಸಿದರೆ ಗಿಲಕಿ ಸದ್ದು. ರಾಳ ಬೆರೆಸಲೇಬೇಕು. ರಾಳ ಜಾಸ್ತಿಯಾದರೆ ಚಳಿಗೆ ಸೀಳುತ್ತದೆ. ನನ್ನ ಅಳತೆ ಸುಮಾರು ನಾಲ್ಕು ಪಾಲು ಮೇಣಕ್ಕೆ ಒಂದು ಪಾಲು ರಾಳ.

ದುಡ್ಡಿನ ಲೆಕ್ಕ ನೆನಪಿನಿಂದ ಹೇಳುತ್ತೇನೆ. ಅಗ್ಗದ ಪೆಟ್ಟಿಗೆ, ರೀಡು, ಸಲಕರಣೆ, ಆಮೇಲೆ ತೇವಕ್ಕೆ ಶ್ರುತಿ ಕೆಟ್ಟಿದ್ದ ಇಲ್ಲಿಯದೇ ಒಂದು ಹಳೆ ಪೆಟ್ಟಿಗೆ, ಸಾವಿರದಿನ್ನೂರು. ಎಲ್ಲಾ ಸೇರಿ ಎರಡು ಸಾವಿರ ಡಾಲರಿನ ಹತ್ತಿರ. ಬೇರೆಯವರ ಕೈಲಿ ಶ್ರುತಿ ಮಾಡಿಸಿದ್ದರೆ ನಾನೂರೈವತ್ತಕ್ಕೆ ಮುಗೀತಿತ್ತು. "ಈ ದುಡ್ಡಲ್ಲಿ ಊರಿಗೆ ಹೋಗಿ ಬರಬಹುದಿತ್ತು" ಅಂತ ಮನೆಯವಳು ಇವತ್ತಿಗೂ ಹೇಳುತ್ತಾಳೆ.

ಈಗ ಕೆಲಸಕ್ಕೆ ಬರೋಣ. ಫೋನಿನಲ್ಲಿ ತಂಬೂರಿ, ಬಿಳಿ ಒಂದಕ್ಕೆ, ಪಂಚಮ ಹಾಕಿ. ಮೊದಲು ನಡುವಿನ ಒಂದೇ ಸಾಲು ತೆರೆದು, ಒತ್ತುವ ಕಡೆಯ ಸ ಮತ್ತು ಪ ಕೂಡಿಸಿಕೊಳ್ಳಿ. ಆಮೇಲೆ ಸ, ಗ, ಪ ಮೂರನ್ನೂ ಒಟ್ಟಿಗೆ ಹಿಡಿದು ಗಾಂಧಾರ ಇಳಿಸುತ್ತಾ ಬನ್ನಿ. ಒಂದು ಹಂತದಲ್ಲಿ ಅಲೆ ನಿಂತು ಪೆಟ್ಟಿಗೆ ಸುಮ್ಮನಾಗುತ್ತದೆ. ಅಲ್ಲೇ ನಿಲ್ಲಿಸಿ. ಆಮೇಲೆ ಅಳೆದು ನೋಡಿದೆ, 13, 14 ಸೆಂಟ್ ಬಂತು. ಮಷೀನು ಬೇಕಿದ್ದರೆ ಸಾಕ್ಷಿಗೆ ಇಟ್ಟುಕೊಳ್ಳಿ.

ಎಳೆಯುವ ಕಡೆಗೆ ತಂಬೂರಿಯನ್ನು ಬಿಳಿ ಐದಕ್ಕೆ (G) ಬದಲಿಸಬೇಕು. ಚಾರ್ಟಿನವರು ಮಾಡದೇ ಇರುವುದು ಇದನ್ನೇ. ಎಳೆದಾಗ ಎಡಗೈ ಬಾಸ್ ಕೊಡುವುದು ಪಂಚಮವನ್ನು. ಅಂದರೆ ಅಲ್ಲಿ ಪಂಚಮವೇ ಷಡ್ಜ, ನಿಷಾದವೇ ಅದರ ಗಾಂಧಾರ. ಅದನ್ನೂ ಮೊದಲಿನ ಹಾಗೇ ಅಲೆ ನಿಲ್ಲುವವರೆಗೆ ಇಳಿಸಿ.

ಸಿಕ್ಕು ಇರುವುದು ಧೈವತದಲ್ಲಿ. ಮಧ್ಯಮಕ್ಕೆ ಗಾಂಧಾರವಾಗಿ ಕೂಡಿಸಿದರೆ ರಿಷಭದ ಜೊತೆ ಪಂಚಮ ಭಾವ ಕೆಡುತ್ತದೆ. ರಿಷಭಕ್ಕೆ ಕೂಡಿಸಿದರೆ ಮಧ್ಯಮ ಮುನಿಸಿಕೊಳ್ಳುತ್ತದೆ. ಎರಡರ ನಡುವೆ 21 ಸೆಂಟ್ ಚಿಲ್ಲರೆ. ನಮ್ಮ ಪ್ರಮಾಣ ಶ್ರುತಿ ಅಷ್ಟೇ ಅಲ್ವಾ? ನಾನು ಧೈವತವನ್ನು ಒಂದು ಕಡೆ ನಿಲ್ಲಿಸಿ, ಮಧ್ಯಮವನ್ನು ಅದಕ್ಕೆ ತಕ್ಕಂತೆ ಜರುಗಿಸುತ್ತೇನೆ. ನಾಲ್ಕೂ ಸಾಲಿಗೆ ಒಂದೇ ಅಳತೆ ಇಟ್ಟಿಲ್ಲ ಅನ್ನುವಷ್ಟು ಮಾತ್ರ ಹೇಳುತ್ತೇನೆ. ಉಳಿದದ್ದು ನನ್ನ ಅನ್ನ.

ಒಂದು ಎಚ್ಚರಿಕೆ. ರೀಡನ್ನು ಹೊರಗೆ ಊದಿ ಕೂಡಿಸಿದರೆ ಪೆಟ್ಟಿಗೆಯೊಳಗೆ ಹೋದಮೇಲೆ ಅದು ಬದಲಾಗುತ್ತದೆ. ಖರ್ಜದ ರೀಡುಗಳು ಗಾಳಿ ಜೋರಾದರೆ ಇನ್ನೂ ಇಳಿಯುತ್ತವೆ. ಇಲ್ಲಿನವರು ಕುಣಿಸುವ ಜೋರಿನಲ್ಲಿ ಎಳೆಯುತ್ತಾರೆ, ಭಜನೆಯ ಜೋರಿನಲ್ಲಲ್ಲ. ಅದೇ ಜೋರಿನಲ್ಲಿ ಪರೀಕ್ಷೆ ಮಾಡಿ.

ನಡುವೆ ನಾನು ಅಡ್ಡದಾರಿಗಳನ್ನೂ ಹಿಡಿದೆ. ಹಳಬರ ಪೆಟ್ಟಿಗೆ ಹೇಗಿತ್ತು ಅಂತ ನೋಡಲು ಅಮೆದೆ ಆರ್ದ್ವಾ ಅವರ ಧ್ವನಿಮುದ್ರಣಗಳನ್ನು ಹಿಡಿದು ಕೂತೆ. ಕಪ್ಪು ಕ್ರಿಯೋಲ್ ಕಲಾವಿದ, 1898ರಲ್ಲಿ ಹುಟ್ಟಿದವರು. 1929ರಿಂದ 1934ರವರೆಗೆ 34 ಹಾಡು ಮುದ್ರಿಸಿದರು. ಕೆಲವದರಲ್ಲಿ ಬಿಳಿಯ ಪಿಟೀಲುಗಾರ ಡೆನ್ನಿಸ್ ಮೆಗೀ ಜೊತೆಗಿದ್ದಾರೆ. ಆ ಕಾಲದಲ್ಲಿ ಅದು ಸಣ್ಣ ಮಾತಲ್ಲ. ಬಿಳಿಯರ ಮನೆಯ ಕುಣಿತದಲ್ಲಿ ಬಿಳಿ ಹೆಂಗಸೊಬ್ಬಳು ಬೆವರೊರೆಸಲು ಕರವಸ್ತ್ರ ಕೊಟ್ಟಳೆಂದು ಅವರನ್ನು ಸಿಕ್ಕಾಪಟ್ಟೆ ಹೊಡೆದರು ಅಂತ ಜನ ಹೇಳುತ್ತಾರೆ. 1942ರಲ್ಲಿ ಪೈನ್‌ವಿಲ್‌ನ ಸರ್ಕಾರಿ ಆಸ್ಪತ್ರೆಯಲ್ಲಿ ತೀರಿಕೊಂಡರು. ಇವತ್ತು ಕೇಜನ್ ಅಂತ ನುಡಿಸುವ ಅಕಾರ್ಡಿಯನ್ನಿನ ಅರ್ಧಕ್ಕರ್ಧ ಇವರ ಕೈಯಿಂದ ಬಂದದ್ದು. ಹಳೆ ಗ್ರಾಮಫೋನ್ ತಟ್ಟೆಯ ವೇಗ ನಂಬುವ ಹಾಗಿಲ್ಲ, ಹಾಗಾಗಿ ಷಡ್ಜ ಯಾವುದೆಂದು ಹೇಳಲಾಗದು. ಆದರೆ ವೇಗ ಬದಲಾದರೂ ಸ್ವರದಿಂದ ಸ್ವರಕ್ಕಿರುವ ದೂರ ಬದಲಾಗಲ್ಲ. ನಿಧಾನ ಮಾಡಿ ಕೇಳಿದೆ. ಗಾಂಧಾರ ಇಳಿದೇ ಇದೆ ಅಂತ ನನ್ನ ಕಿವಿ ಹೇಳಿತು.

ಆಗೆಲ್ಲ ಪೆಟ್ಟಿಗೆಗಳು ಜರ್ಮನಿಯಿಂದ ಬರುತ್ತಿದ್ದವು, ಮೊನಾರ್ಕ್, ಸ್ಟರ್ಲಿಂಗ್ ಅಂತ. ಎರಡನೇ ಮಹಾಯುದ್ಧದಲ್ಲಿ ಅವು ನಿಂತುಹೋದವು. ಆಮೇಲೆ ಲೇಕ್ ಚಾರ್ಲ್ಸ್‌ನ ಸಿಡ್ನಿ ಬ್ರೌನ್ ಇಲ್ಲೇ ಮಾಡಲು ಶುರು ಮಾಡಿದರು. ಇವತ್ತು ಗ್ಯಾರೇಜಿನಲ್ಲಿ ಕೂತು ಪೆಟ್ಟಿಗೆ ಮಾಡುವವರೆಲ್ಲ ಅವರು ಹಾಕಿದ ದಾರಿಯಲ್ಲಿ ಬಂದವರು.

ಇನ್ನೊಂದು ಅಡ್ಡದಾರಿ ಭಾಷೆಯದು. ಶ್ರುತಿ ಪರೀಕ್ಷಿಸಲು ಹಾಡಲೇಬೇಕಲ್ಲ. ಆಪ್‌ನಲ್ಲಿ ಫ್ರೆಂಚ್ ಕಲಿಯಲು ಕೂತೆ. ಗಂಟಲಲ್ಲಿ ಕ್ಯಾಕರಿಸುವ ಪ್ಯಾರಿಸ್ಸಿನ ರಕಾರ ಕೇಳಿ ಇಲ್ಲಿನ ಹಿರಿಯರು ಬಿದ್ದು ಬಿದ್ದು ನಕ್ಕರು. ಇವರ ರಕಾರ ನಾಲಿಗೆ ತುದಿಯದು, ನಮ್ಮ 'ರ' ಇದ್ದ ಹಾಗೇ. ಆಪ್ ಬಿಟ್ಟೆ. ಹಾಡುಗಳನ್ನು ಕನ್ನಡ ಲಿಪಿಯಲ್ಲಿ ಬರೆದುಕೊಂಡೆ, ಮೂಗಿನ ಸ್ವರಕ್ಕೆ ಸೊನ್ನೆ ಇಟ್ಟೆ. ಕಾಫಿಗೆ ಕೂತು ಫ್ರೆಂಚ್ ಮಾತಾಡುವ ಕೂಟದಲ್ಲಿ ನನ್ನ ಪಕ್ಕ ಕೂರುವ ಅಜ್ಜನಿಗೆ ಫ್ರೆಂಚಿನಲ್ಲಿ ನೂರು ಹಾಡು ಬರುತ್ತವೆ, ಒಂದಕ್ಷರ ಓದಲು ಬರದು. 1921ರ ರಾಜ್ಯ ಸಂವಿಧಾನ ಶಾಲೆಯಲ್ಲಿ ಇಂಗ್ಲಿಷ್ ಬಿಟ್ಟು ಬೇರೆ ಕೂಡದು ಅಂದಿತ್ತು. ಇವರ ಕಾಲದ ಮಕ್ಕಳು ಫ್ರೆಂಚ್ ಬಾಯಿಬಿಟ್ಟರೆ ಶಿಕ್ಷೆ. ಆ ಭಾಷೆಗೆ ಸರ್ಕಾರವೇ ಕಾಡೊಫಿಲ್ ಅನ್ನೋ ಸಂಸ್ಥೆ ಕಟ್ಟಿದ್ದು 1968ರಲ್ಲಿ. ನನ್ನ ಕನ್ನಡ ಹಾಳೆ ನೋಡಿ ಅಜ್ಜ, "ಹೋಗಲಿ ಬಿಡು, ನೀನೂ ನನ್ನ ಹಾಗೆ ಕಿವಿಯಲ್ಲೇ ಕಲೀತಿದ್ದೀಯ" ಅಂದ. ಸೇಂಟ್ ಮಾರ್ಟಿನ್ ಪ್ಯಾರಿಷ್ (ಇಲ್ಲಿ ಜಿಲ್ಲೆಗೆ ಹಾಗನ್ನುತ್ತಾರೆ) ಕಡೆ ಕೂರಿ-ವಿನಿ ಅಂತ ಕ್ರಿಯೋಲ್ ಭಾಷೆಯೇ ಬೇರೆ ಇದೆ. ನಾನು ಅನ್ನಲು 'ಮೊ', ನೀನು ಅನ್ನಲು 'ತೊ'. ಅದನ್ನೂ ಒಂದು ಕೈ ನೋಡುವ ಆಸೆ ಇದೆ, ಕಲಿಸುವವರು ಸಿಗಬೇಕು.

ಬಿಳಿ ಒಂದರ ಪೆಟ್ಟಿಗೆಯಲ್ಲಿ ಬಿಳಿ ಐದನ್ನು ಷಡ್ಜ ಮಾಡಿಕೊಂಡೂ ಇಲ್ಲಿನವರು ಎಷ್ಟೋ ಹಾಡು ನುಡಿಸುತ್ತಾರೆ. ಲೆಕ್ಕ ಹಾಕಿ: ಕೋಮಲ ನಿಷಾದ ಬರುತ್ತದೆ, ಖಮಾಜ್ ಥಾಟ್, ನಮ್ಮ ಹರಿಕಾಂಭೋಜಿ. ಒಂದು ದಾಸರ ಪದ ಹಾಕಿ ನೋಡಿದೆ. ಸ್ವರಕ್ಕೊಮ್ಮೆ ತಿದಿ ತಿರುಗಿಸಬೇಕು, ಪದ ತುಂಡುತುಂಡಾಯಿತು. ಅಲ್ಲಿಗೇ ಬಿಟ್ಟೆ.

ಕೊನೆಗೆ ಆ ಹಳೆ ಪೆಟ್ಟಿಗೆ ಶ್ರುತಿಯಾದ ಮೇಲೆ ಶನಿವಾರದ ಜಾಮ್‌ಗೆ, ಅಂದರೆ ಎಲ್ಲರೂ ಸೇರಿ ನುಡಿಸುವ ಕೂಟಕ್ಕೆ ಒಯ್ದೆ. ಬಿಳಿ ಒಂದರ ಪೆಟ್ಟಿಗೆಗೆ ಹೊಂದಲು ಪಿಟೀಲಿನವರು ನಾಲ್ಕೂ ತಂತಿ ಒಂದು ಸ್ವರ ಇಳಿಸಿಕೊಂಡಿರುತ್ತಾರೆ. ಪಿಟೀಲಿಗೆ ಮನೆಗಳಿಲ್ಲ, ಬೆರಳು ತಾನಾಗಿ ಶುದ್ಧ ಗಾಂಧಾರದ ಮೇಲೇ ಬೀಳುತ್ತದೆ. ಅಗ್ಗದ ಪೆಟ್ಟಿಗೆ ಇದ್ದಾಗ ನನ್ನಿಂದ ಎರಡು ಕುರ್ಚಿ ದೂರ ಕೂರುತ್ತಿದ್ದ ಪಿಟೀಲಿನ ಹೆಂಗಸು ಆವತ್ತು ಪಕ್ಕಕ್ಕೇ ಬಂದು ಕೂತರು. ಮುಂದಿನ ವಾರ ಚಾರ್ಟ್ ಕೊಟ್ಟ ಹಿರಿಯರೇ ತಮ್ಮ ಬಿಳಿ ಎರಡರ ಪೆಟ್ಟಿಗೆ ತಂದುಕೊಟ್ಟರು. ನೂರೈವತ್ತು ಡಾಲರ್ ತಗೊಂಡೆ. ಈಗ ಇನ್ನೂರು ಮಾಡಿದ್ದೇನೆ. ಹಾಕಿದ ದುಡ್ಡಿನಲ್ಲಿ ಬಹುಪಾಲು ವಾಪಸ್ ಬಂದಿದೆ.

ಇನ್ನೂ ಬಗೆಹರಿಯದ್ದು ತಾರದ ಸಾಲಿನ ಕೊನೆಯ ಎರಡು ಮೂರು ನಾಲಿಗೆಗಳು. ಅಕ್ಕಿಕಾಳಿಗಿಂತ ಸ್ವಲ್ಪ ದೊಡ್ಡವು. ಒಂದು ಗೀರು ಎಳೆದರೆ ಹತ್ತು ಸೆಂಟ್ ಹಾರುತ್ತವೆ. ಸಣ್ಣ ಸುರಪೆಟ್ಟಿಗೆ, ಮೌತ್ ಆರ್ಗನ್ ಕೂಡಿಸಿದವರು ಯಾರಾದರೂ ಇದ್ದರೆ, ಅಲ್ಲಿ ಯಾವ ಕಡ್ಡಿ ಬಳಸುತ್ತೀರಿ ಅಂತ ತಿಳಿಸಿ. ಬದಲಿಗೆ ಎಣ್ಣೆಯ ಹೆಸರು ಹೇಳುತ್ತೇನೆ.