ತನಿಖೆ ಕೆಟ್ಟಿದ್ದರೆ ಸಾಲದು, ಕಂಟೆಂಪ್ಟ್‌ಗೆ ಆದೇಶ ಬೇಕು

"ಸರ್, ಆ ಇನ್‌ಸ್ಪೆಕ್ಟರ್ ಮೇಲೆ ಕಂಟೆಂಪ್ಟ್ ಹಾಕಿ." ತನಿಖೆ ಹಳ್ಳ ಹಿಡಿದ ಕೇಸಿನವರು ವಕೀಲನಾದ ನನ್ನ ಹತ್ತಿರ ಬಂದಾಗ ಹೇಳುವ ಮೊದಲ ಮಾತೇ ಇದು. ಅವರ ಸಿಟ್ಟು ನ್ಯಾಯವಾದದ್ದೇ. ಆದರೆ 1971ರ ನ್ಯಾಯಾಂಗ ನಿಂದನೆ (ಕಂಟೆಂಪ್ಟ್) ಕಾಯ್ದೆ ಕೇಳುವುದು ಬೇರೆ: ಕೋರ್ಟಿನ ಆದೇಶ ಇತ್ತಾ, ಅದನ್ನು ಬೇಕಂತಲೇ ಮುರಿದರಾ? ಸಾಕ್ಷಿ ವಿಚಾರಿಸದೆ ಬಿಟ್ಟರೆ ಅದು ಕೆಟ್ಟ ತನಿಖೆ, ನಿಂದನೆ ಅಲ್ಲ.

ಒಂದು ಕೇಸ್ ಹೇಳುತ್ತೇನೆ. ರಾತ್ರಿ ಬೈಕಿನಲ್ಲಿ ಬರುತ್ತಿದ್ದ ಹುಡುಗನಿಗೆ ಯಾವುದೋ ವಾಹನ ಗುದ್ದಿ, ನಿಲ್ಲಿಸದೆ ಹೋಯಿತು. ಹುಡುಗ ಉಳಿಯಲಿಲ್ಲ. ವಾಹನ ಪತ್ತೆಯಾಗಿಲ್ಲ ಅಂತ ಪೊಲೀಸರು ಸಿ ರಿಪೋರ್ಟ್, ಅಂದರೆ ಕೇಸ್ ಮುಚ್ಚುವ ವರದಿ, ಹಾಕಿದರು. ಇಂಥ ವರದಿ ಒಪ್ಪಿಕೊಳ್ಳುವ ಮುಂಚೆ ದೂರುದಾರರ ಮಾತು ಕೇಳಬೇಕು ಅಂತ ಸುಪ್ರೀಂ ಕೋರ್ಟ್ 1985ರ ಭಗವಂತ್ ಸಿಂಗ್ ಕೇಸಿನಲ್ಲೇ ಹೇಳಿದೆ. ಹಾಗಾಗಿ ಹುಡುಗನ ತಂದೆಗೆ ಮ್ಯಾಜಿಸ್ಟ್ರೇಟ್ ಕೋರ್ಟಿನಿಂದ ನೋಟಿಸ್ ಬಂತು. ಅವರು ಅದನ್ನು ಹಿಡಿದು ನನ್ನ ಹತ್ತಿರ ಬಂದರು.

ಪೊಲೀಸರ ಕಡತದ ನಕಲು ತೆಗೆಸಿ ಕೂತು ಓದಿದೆ. ಸ್ಥಳ ಮಹಜರಿನ ಚಕ್ಕುಬಂದಿಯಲ್ಲಿ (ಜಾಗದ ನಾಲ್ಕು ದಿಕ್ಕಿನ ಗುರುತು) 'ಪೂರ್ವಕ್ಕೆ ಪೆಟ್ರೋಲ್ ಬಂಕ್' ಅಂತ ಅವರೇ ಬರೆದಿದ್ದರು. ಆದರೆ ಬಂಕಿನವರ ಒಂದು ಹೇಳಿಕೆಯೂ ಇಲ್ಲ, ಸಿಸಿಟಿವಿ ಸುದ್ದಿಯೇ ಇಲ್ಲ. ರಸ್ತೆಯಲ್ಲಿ ಸಿಕ್ಕ ಹೆಡ್‌ಲೈಟ್ ಚೂರುಗಳನ್ನು ಜಪ್ತಿ ಮಾಡಿದ್ದಾರೆ, ಯಾವ ಗಾಡಿಯದು ಅಂತ ಯಾರಿಗೂ ತೋರಿಸಿಲ್ಲ. ಸಿ ರಿಪೋರ್ಟ್ ವಿರುದ್ಧದ ತಕರಾರು ಅರ್ಜಿಯಲ್ಲಿ 'ತನಿಖೆ ಸರಿಯಿಲ್ಲ' ಅಂತ ಸುಮ್ನೆ ಬರೆಯಲಿಲ್ಲ. ಏನೇನು ಬಿಟ್ಟಿದ್ದಾರೆ ಅಂತ ಪುಟದ ನಂಬರ್ ಸಮೇತ ತೋರಿಸಿದೆ. ಸುಪ್ರೀಂ ಕೋರ್ಟಿನ 2007ರ ಸಾಕಿರಿ ವಾಸು ತೀರ್ಪಿನ ಪ್ರಕಾರ ತನಿಖೆ ಸರಿಯಾಗಿ ನಡೆಯುವಂತೆ ನೋಡಿಕೊಳ್ಳುವ ಅಧಿಕಾರ ಮ್ಯಾಜಿಸ್ಟ್ರೇಟ್‌ಗೇ ಇದೆ. ಅದಕ್ಕೇ ಮೊದಲು ಅಲ್ಲಿಗೆ ಹೋಗಬೇಕು. ನೇರ ಹೈಕೋರ್ಟಿಗೆ ಹೋದರೆ ಸಾಮಾನ್ಯವಾಗಿ ವಾಪಸ್ ಕಳಿಸುತ್ತಾರೆ.

ಹೆಚ್ಚಿನ ತನಿಖೆಗೆ ಆದೇಶ ಆಯಿತು. ಆಗ ಅದು ಸಿಆರ್‌ಪಿಸಿ (ಹಳೆಯ ದಂಡ ಪ್ರಕ್ರಿಯಾ ಸಂಹಿತೆ) ಸೆಕ್ಷನ್ 173(8), 2024ರ ಜುಲೈ 1ರಿಂದ ಅದರ ಜಾಗಕ್ಕೆ ಬಂದ ಬಿಎನ್‌ಎಸ್‌ಎಸ್ ಕಾಯ್ದೆಯ 193(9). ಠಾಣೆಯಲ್ಲಿ ಮಾತ್ರ ಯಾರೂ ಅಲುಗಾಡಲಿಲ್ಲ. ಆಮೇಲೆ ಹೈಕೋರ್ಟಿನಲ್ಲಿ ರಿಟ್ ಹಾಕಿದೆವು. ನಾನು ಪಟ್ಟು ಹಿಡಿದಿದ್ದು ಎರಡಕ್ಕೆ: ಡಿವೈಎಸ್‌ಪಿ ಉಸ್ತುವಾರಿ ಇರಬೇಕು, ಮೂರು ತಿಂಗಳ ಗಡುವು ಬೇಕು. 'ಆದಷ್ಟು ಬೇಗ' ಅನ್ನುವ ಆದೇಶ ಇಟ್ಟುಕೊಂಡು ನಿಂದನೆ ಸಾಬೀತು ಮಾಡುವುದು ತುಂಬಾ ಕಷ್ಟ.

ಹೈಕೋರ್ಟ್ ಕೊಟ್ಟ ಆದೇಶದ ದೃಢೀಕೃತ ನಕಲನ್ನು ಠಾಣೆಗೆ ಕೈಯಾರೆ ಕೊಟ್ಟು ಸೀಲು, ಸಹಿ ಹಾಕಿಸಿಕೊಂಡೆವು. ಎಸ್‌ಪಿ ಕಚೇರಿಗೆ ರಿಜಿಸ್ಟರ್ಡ್ ಪೋಸ್ಟ್ ಮಾಡಿದೆವು. ನಾಳೆ 'ಆದೇಶ ನಮಗೆ ಗೊತ್ತೇ ಇರಲಿಲ್ಲ' ಅಂದರೆ ಆ ಸೀಲೇ ಉತ್ತರ.

ಗಡುವು ಮುಗಿಯಿತು, ವರದಿ ಇಲ್ಲ. ನೋಟಿಸ್ ಕೊಟ್ಟು, ಕಂಟೆಂಪ್ಟ್ ಅರ್ಜಿ ಹಾಕಿದೆ. ಅಷ್ಟರಲ್ಲಿ ಇನ್‌ಸ್ಪೆಕ್ಟರ್ ವರ್ಗವಾಗಿದ್ದರು. ಯಾವ ತಾರೀಕಿನಿಂದ ಯಾವ ತಾರೀಕಿನವರೆಗೆ ಯಾರು ಆ ಕುರ್ಚಿಯಲ್ಲಿದ್ದರು ಅಂತ ಮಾಹಿತಿ ಹಕ್ಕಿನಲ್ಲಿ ತೆಗೆಸಿ, ಹೆಸರು ಹಿಡಿದೇ ಎದುರುದಾರರನ್ನಾಗಿ ಮಾಡಿದೆ. ನಿಂದನೆ ಮಾಡುವುದು ವ್ಯಕ್ತಿ, ಹುದ್ದೆಯಲ್ಲ ಅಲ್ವಾ?

ಹೈಕೋರ್ಟಿನ ನೋಟಿಸ್ ಹೋದ ಮೇಲೆ ಕೆಲಸ ಚುರುಕಾಯಿತು. ಬಂಕಿನ ಸಿಸಿಟಿವಿ ದೃಶ್ಯ ಅಳಿಸಿಹೋಗಿತ್ತು, ಆ ನಷ್ಟ ತುಂಬಲಾಗದ್ದು. ಆದರೆ ಹೆಡ್‌ಲೈಟ್ ಚೂರಿನ ಮೇಲಿದ್ದ ನಂಬರಿನಿಂದ ಗಾಡಿಯ ಮಾಡೆಲ್ ಗೊತ್ತಾಯಿತು. ಅಲ್ಲಿಂದ ಗ್ಯಾರೇಜು, ಗ್ಯಾರೇಜಿನಿಂದ ಮಾಲೀಕ. ಚಾರ್ಜ್‌ಶೀಟ್ ಬಂತು. ಅಧಿಕಾರಿಗಳು ಕ್ಷಮೆ ಕೇಳಿ ಅಫಿಡವಿಟ್ ಹಾಕಿದರು, ಕಂಟೆಂಪ್ಟ್ ಕೇಸ್ ಮುಗಿಯಿತು.

ತಂದೆಗೆ ಇದರಿಂದ ಸಮಾಧಾನ ಆಗಲಿಲ್ಲ. ಸಾಕ್ಷ್ಯ ಕಳೆದುಹೋಗಲು ಬಿಟ್ಟವರಿಗೆ ಶಿಕ್ಷೆ ಬೇಡವಾ ಅಂತ ಕೇಳಿದರು. ಬೇಕು. ಆದರೆ ಅದಕ್ಕೆ ದಾರಿ ಇಲಾಖಾ ವಿಚಾರಣೆ. ಎಸ್‌ಪಿಗೆ ಬೇರೆ ದೂರು ಬರೆದುಕೊಟ್ಟೆ, ಅದು ಇನ್ನೂ ನಡೆಯುತ್ತಿದೆ.

ಇಂಥ ಆದೇಶ ಈಗಾಗಲೇ ಕೈಯಲ್ಲಿದ್ದವರು ತಾರೀಕು ನೋಡಿಕೊಳ್ಳಿ. ನಿಂದನೆ ನಡೆದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು, ಅದು ಕಾಯ್ದೆಯ 20ನೇ ಸೆಕ್ಷನ್. ಪೊಲೀಸರು 'ಮುಂದಿನ ವಾರ ಮಾಡ್ತೀವಿ' ಅನ್ನುತ್ತಲೇ ಆ ವರ್ಷ ಕಳೆದುಬಿಡಬಹುದು.