ತುಲ್ಸಿ ಚಕ್ರವರ್ತಿಯ ಚಿತ್ರಪಟ್ಟಿ: ನಾನು ಕಟ್ಟುವ ಬಗೆ

ಹಳೆಯ ಬಂಗಾಳಿ ಚಿತ್ರಗಳ ಪೋಷಕ ನಟರ ಪಟ್ಟಿ ಮಾಡುವಾಗ ಬರೀ ಹೆಸರು ನೋಡಿ ಬರೆದುಕೊಂಡು ಹೋದರೆ ಕೆಲಸ ಕೆಟ್ಟಿತೆಂದೇ ಲೆಕ್ಕ. ತುಲ್ಸಿ ಚಕ್ರವರ್ತಿ (1899–1961) ಇದಕ್ಕೆ ಒಳ್ಳೆಯ ಉದಾಹರಣೆ. ಅದೇ ಕಾಲದಲ್ಲಿ ತುಲ್ಸಿ ಲಾಹಿರಿ ಎಂಬ ಇನ್ನೊಬ್ಬರಿದ್ದರು. 1958ರ ‘ಜಲಸಾಘರ್’ನಲ್ಲಿ ಜಮೀನ್ದಾರನ ಮ್ಯಾನೇಜರ್ ಆದವರು ಲಾಹಿರಿ. ಅದೇ ವರ್ಷದ ‘ಪರಶ್ ಪಾಥರ್’ನಲ್ಲಿ ಸ್ಪರ್ಶಮಣಿ ಸಿಕ್ಕುವ ಗುಮಾಸ್ತ ಪರೇಶ್ ದತ್ತ ನಮ್ಮ ಚಕ್ರವರ್ತಿ, ಲಾಹಿರಿ ಅಲ್ಲಿಯೂ ಪಾರ್ಟಿಯ ಅತಿಥಿಗಳಲ್ಲಿ ಒಬ್ಬರು! ಬರೀ ‘ತುಲ್ಸಿ’ ಎಂದು ಕಂಡರೆ ಮುಖ ನೋಡುವವರೆಗೂ ನಾನು ಪಟ್ಟಿಗೆ ಸೇರಿಸುವುದಿಲ್ಲ.

ಪ್ರತಿ ನಮೂದಿಗೂ ಒಂದು ದರ್ಜೆ ಕೊಡುತ್ತೇನೆ. ಚಿತ್ರ ನೋಡಿ ಖಚಿತವಾದದ್ದು ‘ಅ’, ಬಿಡುಗಡೆಯ ಕಾಲದ ಹಾಡಿನ ಪುಸ್ತಿಕೆಯಲ್ಲಿ ಇದ್ದದ್ದು ‘ಆ’, ನಂತರದವರ ಪಟ್ಟಿಗಳಲ್ಲಷ್ಟೇ ಇರುವುದು ‘ಇ’. ಚಕ್ರವರ್ತಿಯವರ ಮೊದಲ ಚಿತ್ರ 1932ರ ‘ಪುನರ್ಜನ್ಮ’. ಮೂವತ್ತರ ದಶಕದ ಎಷ್ಟೋ ಚಿತ್ರಗಳ ಪ್ರತಿ ಉಳಿದಿಲ್ಲವಾದ್ದರಿಂದ ಅಲ್ಲಿ ‘ಆ’ ಸಿಕ್ಕರೇ ಪುಣ್ಯ.

ಬಂಗಾಳಿ ಸನ್‌ನಲ್ಲಿ, ಅಂದರೆ ಬಂಗಾಳದ ಪಂಚಾಂಗದ ವರ್ಷದಲ್ಲಿ, ತಾರೀಖು ಇದ್ದರೆ ಇಸವಿ ತಿಳಿಯಲು 593 ಕೂಡಿಸಬೇಕು. ಮಾಘ, ಫಾಲ್ಗುಣ, ಚೈತ್ರಕ್ಕೆ ಮಾತ್ರ 594. ಪೌಷ ಡಿಸೆಂಬರ್-ಜನವರಿ ಎರಡಕ್ಕೂ ಚಾಚಿರುವುದರಿಂದ ದಿನವನ್ನೂ ನೋಡಬೇಕು. ‘ಸಾಡೇ ಚುಯಾತ್ತರ್’ ತೆರೆಕಂಡದ್ದು 1953ರ ಫೆಬ್ರವರಿಯಲ್ಲಿ, ಅಂದರೆ ಬಂಗಾಳಿ ಲೆಕ್ಕದಲ್ಲಿ 1359. ಕಣ್ಣುಮುಚ್ಚಿ 593 ಕೂಡಿಸಿದರೆ 1952 ಆಗಿ ಕೂರುತ್ತದೆ.

ಪಾತ್ರದ ಅಳತೆಗೆ ತೆರೆಯ ಮೇಲಿನ ನಿಮಿಷಗಳ ಕಾಲಂ ಬೇಕೇ ಬೇಕು. ‘ಸಾಡೇ ಚುಯಾತ್ತರ್’ ಅಂದರೆ ಉತ್ತಮ್ ಕುಮಾರ್–ಸುಚಿತ್ರಾ ಸೇನ್ ಜೋಡಿಯ ಮೊದಲ ಚಿತ್ರ ಎಂದೇ ಎಲ್ಲರ ಬಾಯಲ್ಲಿ; ಕಥೆಯ ಭಾರ ಹೊತ್ತವರು ಬೋರ್ಡಿಂಗ್ ಮಾಲೀಕ ರಜನಿಬಾಬು ಆದ ಚಕ್ರವರ್ತಿ, ಹೆಂಡತಿಯಾಗಿ ಮಲಿನಾ ದೇವಿ. ಆದರೆ ನಿಮಿಷ ಎಣಿಸಿಯಷ್ಟೇ ಬಿಟ್ಟರೆ ‘ಪಥೇರ್ ಪಾಂಚಾಲಿ’ಯ (1955) ಮೇಷ್ಟ್ರಿಗೆ ಅನ್ಯಾಯ. ಅಲ್ಲಿ ಅವರು ಕಿರಾಣಿ ಅಂಗಡಿಯಲ್ಲೇ ಕೂತು ಒಂದು ಕಡೆ ಸಾಮಾನು ತೂಗುತ್ತ, ಇನ್ನೊಂದು ಕಡೆ ಹುಡುಗರಿಗೆ ಉಕ್ತಲೇಖನ ಹೇಳುತ್ತಾರೆ. ಗಿರಾಕಿಯ ಕಡೆಗೊಂದು ದನಿ, ಹುಡುಗರ ಕಡೆಗೊಂದು ಕಣ್ಣು. ಇಂಥದ್ದಕ್ಕೆ ಪಕ್ಕದಲ್ಲಿ ಕೈ, ಕಣ್ಣು, ದನಿ ಏನು ಮಾಡಿದವೆಂದು ಎರಡು ಸಾಲು ಬರೆದಿಡುತ್ತೇನೆ.

ಅವರು ತೀರಿಕೊಂಡದ್ದು 1961ರ ಡಿಸೆಂಬರ್‌ನಲ್ಲಿ. ಹಾಗೆಂದು 1962ರ ನಮೂದುಗಳನ್ನು ಹೊಡೆದುಹಾಕಬೇಡಿ: ಚಿತ್ರೀಕರಣ ಮುಗಿದು ತಡವಾಗಿ ಬಿಡುಗಡೆ ಆಗಿರಬಹುದು. ಸೆನ್ಸಾರ್ ಪ್ರಮಾಣಪತ್ರದ ತಾರೀಖನ್ನು ಬಿಡುಗಡೆಯ ತಾರೀಖಿನ ಪಕ್ಕದಲ್ಲೇ, ಬೇರೆ ಕಾಲಂನಲ್ಲಿ ಬರೆಯಿರಿ.